ಕೆರಟೋಕೋನಸ್ ಬೇಗ ಪತ್ತೆ ಹಚ್ಚುವುದು ಹೇಗೆ: ಹಳೇ ಚೀಟಿಯಿಂದ ಕಾರ್ನಿಯಾದ ನಕ್ಷೆಯವರೆಗೆ

ಹತ್ತನೇ ಕ್ಲಾಸಿನ ಹುಡುಗ. ಜೊತೆಗೆ ಅಪ್ಪ. ಅಪ್ಪನ ಕೈಯಲ್ಲಿ ಒಂದು ಪ್ಲಾಸ್ಟಿಕ್ ಕವರ್.

"ಮೇಡಂ, ಮೂರು ವರ್ಷದಲ್ಲಿ ನಾಲ್ಕು ಕನ್ನಡಕ ಮಾಡಿಸಿದೀನಿ. ಆದ್ರೂ ಬೋರ್ಡ್ ಕಾಣಲ್ಲ ಅಂತಾನೆ. ಮೊಬೈಲ್ ನೋಡಿ ನೋಡಿ ಕಣ್ಣು ಹಾಳು ಮಾಡ್ಕೊಂಡಿದಾನೆ."

ಹುಡುಗ ಏನೂ ಮಾತಾಡಲಿಲ್ಲ. ತೋರುಬೆರಳು ಮಡಚಿ, ಗೆಣ್ಣಿನಿಂದ ಬಲಗಣ್ಣನ್ನು ಗಟ್ಟಿಯಾಗಿ ಉಜ್ಜಿಕೊಂಡ. ಸ್ವಲ್ಪ ಹೊತ್ತಿಗೆ ಮತ್ತೆ ಉಜ್ಜಿಕೊಂಡ.

ನಾನು ಆಪ್ಟೋಮೆಟ್ರಿಸ್ಟ್. ದಿನವಿಡೀ ಕನ್ನಡಕದ ನಂಬರ್ ನೋಡುವುದೇ ಕೆಲಸ. ಕವರಿನಲ್ಲಿದ್ದ ನಾಲ್ಕು ಚೀಟಿಗಳನ್ನು ದಿನಾಂಕದ ಪ್ರಕಾರ ಮೇಜಿನ ಮೇಲೆ ಸಾಲಾಗಿ ಇಟ್ಟೆ. ಬಲಗಣ್ಣಿನ ಸಿಲಿಂಡ್ರಿಕಲ್ ಪವರ್, ಅಂದರೆ ಕಣ್ಣಿನ ಓರೆಯನ್ನು ಸರಿಮಾಡುವ ನಂಬರ್, ಮೊದಲ ಚೀಟಿಯಲ್ಲಿ 0.50. ಆಮೇಲೆ 1.25. ಆಮೇಲೆ 2.50. ಕೊನೆಯದರಲ್ಲಿ 3.75. ಎಡಗಣ್ಣು ಮಾತ್ರ ಹೆಚ್ಚುಕಮ್ಮಿ ಇದ್ದಲ್ಲೇ ಇತ್ತು. ಮೊದಲ ಎರಡು ಚೀಟಿಯಲ್ಲಿ ಕನ್ನಡಕ ಹಾಕಿದಾಗಿನ ಬಲಗಣ್ಣಿನ ದೃಷ್ಟಿ 6/6, ಅಂದರೆ ಪೂರ್ತಿ, ಎಂದಿತ್ತು. ಮೂರನೆಯದರಲ್ಲಿ 6/9, ನಾಲ್ಕನೆಯದರಲ್ಲಿ 6/12. ಅಂದರೆ ಹೊಸ ಕನ್ನಡಕ ಹಾಕಿಕೊಂಡ ದಿನವೇ ಅವನಿಗೆ ಪೂರ್ತಿ ಕಾಣುತ್ತಿರಲಿಲ್ಲ. ಚೀಟಿ ಬರೆದ ನಾಲ್ಕೂ ಕಡೆ ಅವತ್ತಿನ ನಂಬರ್ ಸರಿಯಾಗಿಯೇ ಕೊಟ್ಟಿದ್ದರು. ಆದರೆ ನಾಲ್ಕನ್ನೂ ಒಟ್ಟಿಗೆ ಇಟ್ಟು ಯಾರೂ ನೋಡಿರಲಿಲ್ಲ.

ಅದು ಕೆರಟೋಕೋನಸ್. ಮೊಬೈಲಿನದ್ದು ತಪ್ಪಿರಲಿಲ್ಲ, ಹುಡುಗನದ್ದೂ ಇರಲಿಲ್ಲ.

ಈ ಕಾಯಿಲೆಯಲ್ಲಿ ಕಳೆದುಹೋದ ಸಮಯ ವಾಪಸ್ ಬರುವುದಿಲ್ಲ. ಬೇಗ ಗೊತ್ತಾದರೆ ಅಲ್ಲೇ ನಿಲ್ಲಿಸುವ ಚಿಕಿತ್ಸೆ ಇದೆ. ಅದಕ್ಕೇ ಮನೆಯಲ್ಲಿ ಏನು ಗಮನಿಸಬೇಕು, ಆಸ್ಪತ್ರೆಯಲ್ಲಿ ಏನು ಕೇಳಬೇಕು, ಕೈಗೆ ಕೊಡುವ ಬಣ್ಣದ ರಿಪೋರ್ಟನ್ನು ಹೇಗೆ ಓದಬೇಕು ಎಂದು ಒಂದೊಂದಾಗಿ ಬರೆಯುತ್ತೇನೆ.

ಮೊದಲು, ಇದು ಏನು?

ಕಣ್ಣಿನ ಕಪ್ಪು ಭಾಗದ ಮುಂದೆ, ಗಡಿಯಾರದ ಗಾಜಿನ ಹಾಗೆ ಒಂದು ಪಾರದರ್ಶಕ ಪದರ ಇರುತ್ತದೆ. ಅದೇ ಕಾರ್ನಿಯಾ. ನಡುವಿನಲ್ಲಿ ಅದರ ದಪ್ಪ ಸುಮಾರು 540 ಮೈಕ್ರಾನ್, ಅಂದರೆ ಅರ್ಧ ಮಿಲಿಮೀಟರಿಗಿಂತ ಸ್ವಲ್ಪ ಜಾಸ್ತಿ. ಕೊಲಾಜೆನ್ ಎಂಬ ನಾರುಗಳು ಅದನ್ನು ಬಿಗಿಯಾಗಿ ಹಿಡಿದಿರುತ್ತವೆ. ಕೆರಟೋಕೋನಸ್‌ನಲ್ಲಿ ಈ ಹಿಡಿತ ಸಡಿಲವಾಗುತ್ತದೆ. ಕಾರ್ನಿಯಾ ತೆಳುವಾಗಿ, ಬುಗುರಿಯ ತುದಿಯ ಹಾಗೆ ಮುಂದಕ್ಕೆ ಉಬ್ಬುತ್ತದೆ. ಮೇಲ್ಮೈ ಅಂಕುಡೊಂಕಾದ ಮೇಲೆ ಬೆಳಕು ಒಂದು ಕಡೆ ಕೂಡುವುದಿಲ್ಲ. ಕನ್ನಡಕದ ಗಾಜು ಸಮನಾದ ಓರೆಯನ್ನು ಸರಿಮಾಡಬಹುದು, ಅಂಕುಡೊಂಕನ್ನಲ್ಲ. ಕನ್ನಡಕ ಸೋಲುವುದು ಇಲ್ಲಿ.

ಸಾಮಾನ್ಯವಾಗಿ ಇದು ಶುರುವಾಗುವುದು ಹದಿಹರೆಯದಲ್ಲಿ. ಮೂವತ್ತು, ನಲವತ್ತರ ಹೊತ್ತಿಗೆ ತಾನಾಗಿ ನಿಧಾನವಾಗುತ್ತದೆ. ಆದರೆ ಆ ಇಪ್ಪತ್ತು ವರ್ಷದಲ್ಲಿ ಆಗುವ ಹಾನಿ ದೊಡ್ಡದು. ಬರುವುದು ಎರಡೂ ಕಣ್ಣಿಗೆ. ಆದರೆ ಒಂದು ಮುಂದೆ, ಇನ್ನೊಂದು ಹಿಂದೆ. ಒಳ್ಳೆಯ ಕಣ್ಣು ಕೆಲಸ ನಡೆಸಿಕೊಂಡು ಹೋಗುವುದರಿಂದ ಮಕ್ಕಳಿಗೆ ಗೊತ್ತೇ ಆಗುವುದಿಲ್ಲ.

ಇಂಗ್ಲೆಂಡಿನ ವೈದ್ಯ ಜಾನ್ ನಾಟಿಂಗ್‌ಹ್ಯಾಮ್ 1854ರಲ್ಲೇ ಇದರ ಬಗ್ಗೆ ವಿವರವಾಗಿ ಬರೆದಿದ್ದರು. ಬಹಳ ಕಾಲ ಇದನ್ನು ಎರಡು ಸಾವಿರಕ್ಕೆ ಒಬ್ಬರಿಗೆ ಬರುವ ಅಪರೂಪದ ಕಾಯಿಲೆ ಎಂದೇ ಓದಿಸುತ್ತಿದ್ದರು. 2017ರಲ್ಲಿ ನೆದರ್ಲೆಂಡ್ಸಿನ ವಿಮಾ ದಾಖಲೆಗಳನ್ನು ನೋಡಿದಾಗ 375 ಜನಕ್ಕೆ ಒಬ್ಬರು ಎಂದು ಕಂಡಿತು. ನಾಗಪುರದ ಹತ್ತಿರದ ಹಳ್ಳಿಗಳಲ್ಲಿ ನಡೆದ ಸಮೀಕ್ಷೆಯಲ್ಲಿ, ಕಾರ್ನಿಯಾದ ಬಾಗು 48 ಡಯಾಪ್ಟರ್ (ಬಾಗನ್ನು ಅಳೆಯುವ ಮಾನ) ದಾಟಿದವರನ್ನು ಲೆಕ್ಕ ಹಾಕಿದಾಗ ನೂರಕ್ಕೆ ಎರಡಕ್ಕಿಂತ ಜಾಸ್ತಿ ಬಂತು. ಲೆಕ್ಕ ಹಾಕಿದ ವಿಧಾನ ಬೇರೆ ಬೇರೆ, ಹಾಗಾಗಿ ಈ ಅಂಕಿಗಳನ್ನು ಪಕ್ಕಪಕ್ಕ ಇಟ್ಟು ತೂಗುವಂತಿಲ್ಲ. ಇಂಗ್ಲೆಂಡಿನ ಲೆಸ್ಟರ್‌ನಲ್ಲಿ ಮಾತ್ರ ಒಂದೇ ಊರಿನ ಜನರನ್ನು ಹೋಲಿಸಿದ್ದರು. ಅಲ್ಲಿನ ಬಿಳಿಯರಿಗಿಂತ ದಕ್ಷಿಣ ಏಷ್ಯಾ ಮೂಲದವರಲ್ಲಿ ಇದು ಸುಮಾರು ನಾಲ್ಕು ಪಟ್ಟು ಜಾಸ್ತಿ ಇತ್ತು, ಚಿಕ್ಕ ವಯಸ್ಸಿನಲ್ಲೇ ಕಾಣಿಸುತ್ತಿತ್ತು. ನಮ್ಮ ಮಕ್ಕಳ ವಿಷಯದಲ್ಲಿ ಇದನ್ನು ಅಪರೂಪ ಎಂದು ಪಕ್ಕಕ್ಕಿಡುವ ಹಾಗಿಲ್ಲ.

ಹಂತ 1: ಕೈ ಎಲ್ಲಿಗೆ ಹೋಗುತ್ತದೆ, ನೋಡಿ

ಒಂದು ವಾರ ಮಗುವನ್ನು ಸುಮ್ನೆ ಗಮನಿಸಿ. ಬೈಯಬೇಡಿ. ಬೈದರೆ ಬಚ್ಚಲಿಗೆ ಹೋಗಿ ಉಜ್ಜಿಕೊಳ್ಳುತ್ತಾರೆ. ಬೆಳಗ್ಗೆ ಎದ್ದ ತಕ್ಷಣ, ಓದುವಾಗ, ಟಿವಿ ನೋಡುವಾಗ, ರಾತ್ರಿ ಮಲಗುವ ಮುಂಚೆ ಕೈ ಕಣ್ಣಿಗೆ ಎಷ್ಟು ಸಲ ಹೋಗುತ್ತದೆ? ಬೆರಳ ತುದಿಯಿಂದ ಮೆಲ್ಲಗೆ ಒರೆಸುವುದು ಬೇರೆ. ಗೆಣ್ಣು ಒತ್ತಿ ತಿರುಗಿಸಿ ತಿಕ್ಕುವುದು ಬೇರೆ. ಎರಡನೆಯದು ಅಪಾಯ. ಯಾವ ಕಣ್ಣನ್ನು ಜಾಸ್ತಿ ಉಜ್ಜುತ್ತಾರೋ, ಯಾವ ಪಕ್ಕಕ್ಕೆ ಕಣ್ಣು ಒತ್ತಿಕೊಂಡು ಮಲಗುತ್ತಾರೋ, ಅದನ್ನೂ ಬರೆದಿಡಿ.

ಉಜ್ಜುವುದರ ಹಿಂದೆ ಹೆಚ್ಚಾಗಿ ಅಲರ್ಜಿ ಇರುತ್ತದೆ. ಬೇಸಿಗೆ ಬಂತೆಂದರೆ ಕಣ್ಣು ಕೆಂಪಾಗುವುದು, ವಿಪರೀತ ತುರಿಕೆ, ದಾರದ ಹಾಗೆ ಎಳೆ ಎಳೆಯಾಗಿ ಪಿಸುರು ಬರುವುದು, ಬಿಸಿಲಿಗೆ ಕಣ್ಣು ಬಿಡಲು ಆಗದಿರುವುದು. ಇಂಥ ಮಕ್ಕಳ ಮೇಲೆ ಎರಡು ಕಣ್ಣು ಇಟ್ಟಿರಬೇಕು. ಅಸ್ತಮಾ, ಚರ್ಮದ ಅಲರ್ಜಿ ಇದ್ದವರು, ಡೌನ್ ಸಿಂಡ್ರೋಮ್ ಇರುವವರು, ಮನೆಯಲ್ಲಿ ಇನ್ನೊಬ್ಬರಿಗೆ ಕೆರಟೋಕೋನಸ್ ಇರುವವರು ಕೂಡ ಇದೇ ಸಾಲಿನವರು.

ಇಲ್ಲಿ ಒಂದು ಮಾತು ಹೇಳಲೇಬೇಕು. ತುರಿಕೆಗೆ ಎಂದು ಮೆಡಿಕಲ್ ಶಾಪಿನಿಂದ ಡ್ರಾಪ್ಸ್ ತಂದು ತಿಂಗಳುಗಟ್ಟಲೆ ಹಾಕಬೇಡಿ. ಅದರಲ್ಲಿ ಸ್ಟೀರಾಯ್ಡ್ ಇದ್ದರೆ ತುರಿಕೆ ಎರಡೇ ದಿನದಲ್ಲಿ ನಿಲ್ಲುತ್ತದೆ, ಅದಕ್ಕೇ ಜನ ಬಿಡುವುದಿಲ್ಲ. ಆದರೆ ಡಾಕ್ಟರ್ ನೋಡದೆ ಅದನ್ನೇ ಹಾಕುತ್ತಾ ಹೋದರೆ ಕಣ್ಣಿನ ಒತ್ತಡ ಏರಿ ಗ್ಲಾಕೋಮಾ ಬರಬಹುದು, ಚಿಕ್ಕ ವಯಸ್ಸಿಗೇ ಪೊರೆ ಬರಬಹುದು. ತುರಿಕೆ ಬಂದಾಗ ತಣ್ಣೀರಿನಲ್ಲಿ ಅದ್ದಿದ ಬಟ್ಟೆ ಇಡಿ. ಔಷಧಿ ಯಾವುದು, ಎಷ್ಟು ದಿನ ಎಂದು ಕಣ್ಣಿನ ಡಾಕ್ಟರ್ ಹೇಳಲಿ.

ಹಂತ 2: ಹಳೇ ಚೀಟಿಗಳನ್ನು ಹುಡುಕಿ ಸಾಲಾಗಿ ಇಡಿ

ನನ್ನ ಪ್ರಕಾರ ಇಡೀ ಕೆಲಸದಲ್ಲಿ ಇದು ಅತಿ ಮುಖ್ಯ. ದುಡ್ಡೂ ಖರ್ಚಿಲ್ಲ. ಚೀಟಿ ಕಳೆದಿದ್ದರೆ ಕನ್ನಡಕ ಮಾಡಿಸಿದ ಅಂಗಡಿಯಲ್ಲಿ ಕೇಳಿ, ಅವರ ಕಂಪ್ಯೂಟರಿನಲ್ಲಿ ಇರುತ್ತದೆ. ಹಳೇ ಕನ್ನಡಕವೇ ಇದ್ದರೂ ಸಾಕು, ಗಾಜಿನಿಂದ ನಂಬರ್ ತೆಗೆಯಬಹುದು.

ಚೀಟಿಯಲ್ಲಿ ಒಂದೊಂದು ಕಣ್ಣಿಗೂ ಮೂರು ಅಂಕಿ ಇರುತ್ತವೆ: ಸ್ಫಿಯರ್ (ದೂರ ಅಥವಾ ಹತ್ತಿರ ಕಾಣದ್ದಕ್ಕೆ ಕೊಡುವ ಪವರ್), ಸಿಲಿಂಡರ್ (ಓರೆಗೆ ಕೊಡುವ ಪವರ್), ಆಕ್ಸಿಸ್ (ಆ ಓರೆ ಯಾವ ದಿಕ್ಕಿಗೆ ಎಂಬ ಡಿಗ್ರಿ). ಪಕ್ಕದಲ್ಲಿ ಕನ್ನಡಕ ಹಾಕಿಕೊಂಡಾಗಿನ ದೃಷ್ಟಿ, 6/6 ಅಥವಾ 6/9 ಎಂದು. ದೂರ ಕಾಣದ ಎಲ್ಲ ಮಕ್ಕಳಿಗೂ ಬೆಳೆಯುವ ವಯಸ್ಸಿನಲ್ಲಿ ಸ್ಫಿಯರ್ ಸ್ವಲ್ಪ ಸ್ವಲ್ಪ ಏರುತ್ತದೆ. ಅದಕ್ಕೆ ಗಾಬರಿ ಬೇಡ. ನೀವು ಸಿಲಿಂಡರ್ ನೋಡಿ. ಅದು ಪ್ರತಿ ಸಲ ಏರುತ್ತಿದೆಯಾ? ಒಂದು ಕಣ್ಣಿನಲ್ಲಿ ಮಾತ್ರ ಏರುತ್ತಿದೆಯಾ? ಆಕ್ಸಿಸ್ 180ರ ಹತ್ತಿರ ಇದ್ದದ್ದು 150, 140 ಎಂದು ಓರೆಗೆ ಜಾರುತ್ತಿದೆಯಾ? ಕನ್ನಡಕ ಹಾಕಿದ ಮೇಲೂ 6/6 ಸಾಲು ಓದಲು ಆಗುತ್ತಿಲ್ಲವಾ? ಇದರಲ್ಲಿ ಎರಡಕ್ಕೆ "ಹೌದು" ಎಂದರೆ ಇನ್ನೊಂದು ಕನ್ನಡಕ ಮಾಡಿಸುವ ಮುಂಚೆ ಕಾರ್ನಿಯಾ ಪರೀಕ್ಷೆ ಮಾಡಿಸಿ.

ಹಂತ 3: ಮನೆಯಲ್ಲೇ ಮಾಡಬಹುದಾದ ಎರಡು ಪರೀಕ್ಷೆ

ಎರಡನ್ನೂ ಕನ್ನಡಕ ಹಾಕಿಕೊಂಡು, ಒಂದೊಂದೇ ಕಣ್ಣಿನಿಂದ ಮಾಡಬೇಕು. ಮುಚ್ಚುವ ಕಣ್ಣನ್ನು ಅಂಗೈಯಿಂದ ಮುಚ್ಚಿ, ಒತ್ತಬೇಡಿ.

ಮೊದಲನೆಯದು ರಾತ್ರಿಯದ್ದು. ದೂರದ ಬೀದಿದೀಪ ಅಥವಾ ಚಂದ್ರನನ್ನು ನೋಡಲು ಹೇಳಿ. ಏನು ಕಾಣುತ್ತದೋ ಹಾಗೇ ಕಾಗದದ ಮೇಲೆ ಬರೆಯಲಿ. ಒಂದು ಚಂದ್ರ ಎರಡು ಮೂರಾಗಿ ಒಂದರ ಮೇಲೊಂದು ಕಂಡರೆ, ದೀಪಕ್ಕೆ ಒಂದೇ ಕಡೆ ಬಾಲ ಎಳೆದಂತೆ ಇದ್ದರೆ, ಅದೂ ಒಂದೇ ಕಣ್ಣಿನಲ್ಲಿ, ಅದನ್ನು ಡಾಕ್ಟರಿಗೆ ತೋರಿಸಿ. ಮಕ್ಕಳು ಬಾಯಲ್ಲಿ "ಮಂಜು ಮಂಜು" ಎಂದಷ್ಟೇ ಹೇಳುತ್ತಾರೆ. ಚಿತ್ರ ಬರೆಸಿದರೆ ನಿಜ ಹೊರಗೆ ಬರುತ್ತದೆ.

ಎರಡನೆಯದಕ್ಕೆ ಒಂದು ಹಳೇ ಲಗ್ನಪತ್ರಿಕೆ ಸಾಕು. ದಪ್ಪ ಸೂಜಿಯಿಂದ ಸುಮಾರು ಒಂದು ಮಿಲಿಮೀಟರ್ ತೂತು ಮಾಡಿ. ಹತ್ತು ಅಡಿ ದೂರದ ಗೋಡೆ ಕ್ಯಾಲೆಂಡರಿನಲ್ಲಿ ಕನ್ನಡಕ ಹಾಕಿಯೂ ಓದಲು ಆಗದ ಅಕ್ಷರವನ್ನು ಈಗ ಆ ತೂತಿನಿಂದ ನೋಡಲಿ. ಸ್ಪಷ್ಟವಾದರೆ, ಆ ಕನ್ನಡಕ ಸರಿಮಾಡದೇ ಬಿಟ್ಟ ದೋಷ ಏನೋ ಇದೆ ಎಂದರ್ಥ. ನಂಬರ್ ಹಳೆಯದಾಗಿರಬಹುದು. ನಂಬರ್ ಹೊಸದೇ ಆಗಿದ್ದರೆ ಅನುಮಾನ ಕಾರ್ನಿಯಾದ ಮೇಲೆ.

ಕಣ್ಣು ಒಣಗಿದ್ದರೂ ಹೀಗೆಲ್ಲ ಆಗಬಹುದು. ಹಾಗಾಗಿ ಮನೆ ಪರೀಕ್ಷೆಯಿಂದ ಕಾಯಿಲೆ ಇದೆ ಎಂದೂ ಹೇಳಬೇಡಿ, ಇಲ್ಲ ಎಂದೂ ಹೇಳಬೇಡಿ. ಡಾಕ್ಟರ್ ಹತ್ತಿರ ಹೋಗಲು ಇದೊಂದು ಕಾರಣ, ಅಷ್ಟೇ.

ಹಂತ 4: ಪರೀಕ್ಷಾ ಕೋಣೆಯಲ್ಲಿ ಏನು ನಡೆಯಬೇಕು

ಕಂಪ್ಯೂಟರ್ ಯಂತ್ರದ ಮುಂದೆ ಗದ್ದ ಇಡಿಸಿ ನಂಬರ್ ತೆಗೆಯುತ್ತಾರಲ್ಲ, ಅದೊಂದೇ ಸಾಲದು. ಆದರೆ ಅದೂ ಸುಳಿವು ಕೊಡುತ್ತದೆ. ಮೂರು ಸಲ ತೆಗೆದರೆ ಮೂರು ಬೇರೆ ಬೇರೆ ಅಂಕಿ ಬರುವುದು, ಯಂತ್ರ "ಎರರ್" ಎನ್ನುವುದು. ಸಾಮಾನ್ಯವಾಗಿ ನಮ್ಮವರು ಮತ್ತೊಮ್ಮೆ ತೆಗೆದು ಚೆನ್ನಾಗಿರುವುದನ್ನು ಇಟ್ಟುಕೊಳ್ಳುತ್ತಾರೆ. ಹಾಗೆ ಮಾಡಬಾರದು, ಏಕೆ ಹೊಂದುತ್ತಿಲ್ಲ ಎಂದು ಕೇಳಬೇಕು.

ಆ ಹುಡುಗನಿಗೆ ನಾನು ಮೊದಲು ಮಾಡಿದ್ದು ರೆಟಿನೋಸ್ಕೋಪಿ. ಕೋಣೆ ಕತ್ತಲು ಮಾಡಿ, ಕಣ್ಣಿನೊಳಗೆ ಗೆರೆಯಂಥ ಒಂದು ಬೆಳಕು ಬಿಟ್ಟು, ಅದನ್ನು ಅತ್ತಿತ್ತ ಸರಿಸುತ್ತೇವೆ. ಪಾಪೆಯೊಳಗೆ ಕೆಂಡದ ಬಣ್ಣದ ಪ್ರತಿಬಿಂಬ ಕಾಣುತ್ತದೆ. ಒಳ್ಳೆಯ ಕಣ್ಣಿನಲ್ಲಿ ಆ ಪಟ್ಟಿ ಇಡಿಯಾಗಿ ಒಂದೇ ಕಡೆ ಸರಿಯುತ್ತದೆ. ಇವನ ಎಡಗಣ್ಣು ಹಾಗೇ ಇತ್ತು. ಬಲಗಣ್ಣಿಗೆ ಬಂದಾಗ ಪಟ್ಟಿ ನಡುವೆ ಸೀಳಿ ಎರಡಾಯಿತು. ಎರಡು ತುಂಡೂ ಎದುರುಬದುರು ಬಂದು ಸೇರಿದವು, ಮತ್ತೆ ಬಿಟ್ಟುಕೊಂಡವು. ದರ್ಜಿಯ ಕತ್ತರಿ ಬಾಯಿ ತೆರೆದು ಮುಚ್ಚಿದ ಹಾಗೆ. ಇದನ್ನು ಕತ್ತರಿ ಪ್ರತಿಬಿಂಬ ಎನ್ನುತ್ತೇವೆ. ದೊಡ್ಡ ಯಂತ್ರ ಏನೂ ಬೇಡ, ತಾಲ್ಲೂಕು ಊರಿನ ಚಿಕ್ಕ ಕ್ಲಿನಿಕ್ಕಿನಲ್ಲೂ ನೋಡಬಹುದು. ಔಷಧಿ ಹಾಕಿ ಪಾಪೆ ದೊಡ್ಡದು ಮಾಡಿದ ಮೇಲೆ ಒಳ್ಳೆಯ ಕಣ್ಣಿನಲ್ಲೂ ಒಮ್ಮೊಮ್ಮೆ ಇಂಥದ್ದು ಕಾಣುತ್ತದೆ. ಅದಕ್ಕೇ ಡ್ರಾಪ್ಸ್ ಹಾಕುವ ಮುಂಚೆಯೂ ಒಮ್ಮೆ ನೋಡುವುದು ಒಳ್ಳೆಯದು.

ಆಮೇಲೆ ಕೆರಟೋಮೀಟರ್. ಇದು ಕಾರ್ನಿಯಾ ಎಷ್ಟು ಬಾಗಿದೆ ಎಂದು ಅಳೆಯುತ್ತದೆ. ಹೆಚ್ಚಿನವರಿಗೆ 43, 44 ಡಯಾಪ್ಟರ್ ಆಸುಪಾಸು. 47 ದಾಟಿದರೆ ನಿಂತು ನೋಡಬೇಕು. ಅಂಕಿಗಿಂತಲೂ ಒಳಗೆ ಕಾಣುವ ಉಂಗುರಗಳ ಆಕಾರ ಮುಖ್ಯ. ಅವು ದುಂಡಗೆ ಇರದೆ ಮೊಟ್ಟೆಯಂತೆ ಸೊಟ್ಟಗಾಗಿದ್ದರೆ ಅಂಕಿ ಎಷ್ಟೇ ಇರಲಿ, ಸಂಶಯ ಪಡಬೇಕು.

ಕಣ್ಣನ್ನು ದೊಡ್ಡದು ಮಾಡಿ ತೋರಿಸುವ ಸ್ಲಿಟ್ ಲ್ಯಾಂಪಿನಲ್ಲಿ ಡಾಕ್ಟರ್ ಇನ್ನೂ ಕೆಲವು ಗುರುತು ಹುಡುಕುತ್ತಾರೆ: ಉಬ್ಬಿನ ಬುಡದ ಸುತ್ತ ಕಂದು ಬಣ್ಣದ ಕಬ್ಬಿಣದ ಉಂಗುರ, ಒಳಪದರದಲ್ಲಿ ನೆಟ್ಟಗಿನ ಸಣ್ಣ ಗೆರೆಗಳು. ಕೆಳಗೆ ನೋಡಿದಾಗ ಕೆಳರೆಪ್ಪೆ ಇಂಗ್ಲಿಷಿನ 'ವಿ' ಆಕಾರಕ್ಕೆ ಬಾಗುವುದನ್ನು ಬರಿಗಣ್ಣಿನಲ್ಲೇ ಕಾಣಬಹುದು. ಆದರೆ ಇವು ಕಂಡವು ಎಂದರೆ ಕಾಯಿಲೆ ಆಗಲೇ ಮುಂದೆ ಹೋಗಿದೆ. ಇವು ಕಾಣಲಿಲ್ಲ ಎಂದ ಮಾತ್ರಕ್ಕೆ ಕೆರಟೋಕೋನಸ್ ಇಲ್ಲ ಎನ್ನುವಂತಿಲ್ಲ.

ಹಂತ 5: ಕಾರ್ನಿಯಾದ ನಕ್ಷೆ ತೆಗೆಸಿ

ಇಷ್ಟರಲ್ಲಿ ಎಲ್ಲಾದರೂ ಅನುಮಾನ ಬಂದರೆ ನೇರವಾಗಿ ಕೇಳಿ: "ಡಾಕ್ಟ್ರೇ, ಕಾರ್ನಿಯಾದ ನಕ್ಷೆ ತೆಗೆಸೋಣವಾ?" ಆ ಊರಿನಲ್ಲಿ ಯಂತ್ರ ಇಲ್ಲದಿದ್ದರೆ ಹತ್ತಿರದ ದೊಡ್ಡ ಕಣ್ಣಾಸ್ಪತ್ರೆಗೆ ಬರೆದುಕೊಡುತ್ತಾರೆ.

ಇದರಲ್ಲಿ ಎರಡು ಬಗೆ. ಟೋಪೋಗ್ರಫಿ ಮುಂದಿನ ಮೇಲ್ಮೈಯನ್ನು ಮಾತ್ರ ನೋಡುತ್ತದೆ. ಟೊಮೋಗ್ರಫಿ ಮುಂದಿನ ಮೇಲ್ಮೈ, ಹಿಂದಿನ ಮೇಲ್ಮೈ, ಎಲ್ಲ ಕಡೆಯ ದಪ್ಪ, ಮೂರನ್ನೂ ಅಳೆಯುತ್ತದೆ. ಪೆಂಟಕ್ಯಾಮ್ ಎಂದು ಕೇಳಿರುತ್ತೀರಲ್ಲ, ಅದು ಈ ಎರಡನೇ ಬಗೆ. ಬೇಗ ಪತ್ತೆಯಾಗಬೇಕಾದರೆ ಟೊಮೋಗ್ರಫಿಯೇ ಬೇಕು. ಏಕೆಂದರೆ ಶುರುವಿನಲ್ಲಿ ಕಾರ್ನಿಯಾದ ಮೇಲಿನ ಚರ್ಮದಂಥ ಪದರ ಉಬ್ಬಿನ ಮೇಲೆ ತೆಳುವಾಗಿ, ಸುತ್ತಲೂ ದಪ್ಪವಾಗಿ, ಗುಂಡಿ ಬಿದ್ದ ಗೋಡೆಗೆ ಗಾರೆ ಮೆತ್ತಿದ ಹಾಗೆ ಮುಂಭಾಗವನ್ನು ಸಮ ಮಾಡಿಬಿಡುತ್ತದೆ. ಹಿಂಭಾಗಕ್ಕೆ ಆ ಮರೆ ಇಲ್ಲ. ಹಲವು ದೇಶಗಳ ಕಾರ್ನಿಯಾ ತಜ್ಞರು 2015ರಲ್ಲಿ ಒಟ್ಟಾಗಿ ಒಂದು ಒಪ್ಪಿಗೆಗೆ ಬಂದರು. ಹಿಂದಿನ ಮೇಲ್ಮೈ ಅಸಹಜವಾಗಿ ಉಬ್ಬಿರಬೇಕು, ದಪ್ಪದ ಹಂಚಿಕೆ ಅಸಹಜವಾಗಿರಬೇಕು, ಉರಿಯೂತ ಇಲ್ಲದೆ ಕಾರ್ನಿಯಾ ತೆಳುವಾಗಿರಬೇಕು. ಈ ಮೂರು ಇದ್ದರೆ ಕೆರಟೋಕೋನಸ್.

ಪರೀಕ್ಷೆಗೆ ಹೋಗುವ ಮುಂಚೆ ಕಾಂಟ್ಯಾಕ್ಟ್ ಲೆನ್ಸ್ ಬಿಡಬೇಕು. ಮೆತ್ತನೆಯದಾದರೆ ಒಂದೆರಡು ವಾರ, ಗಟ್ಟಿ ಲೆನ್ಸ್ ಆದರೆ ಎರಡರಿಂದ ನಾಲ್ಕು ವಾರ. ಲೆನ್ಸ್ ಕಾರ್ನಿಯಾವನ್ನು ಒತ್ತಿ ಆಕಾರ ಬದಲಿಸಿರುತ್ತದೆ. ಕಣ್ಣಿಗೆ ಯಾವುದೇ ಡ್ರಾಪ್ಸ್ ಹಾಕುವ ಮುಂಚೆ, ಕಣ್ಣಿಗೆ ತಾಗಿಸಿ ಒತ್ತಡ ಅಳೆಯುವ ಮುಂಚೆ ನಕ್ಷೆ ತೆಗೆಸಿ. ಕೆಲವೇ ಸೆಕೆಂಡಿನ ಕೆಲಸ. ಕಣ್ಣಿಗೆ ಏನೂ ತಾಗುವುದಿಲ್ಲ, ನೋವಿಲ್ಲ. ಒಮ್ಮೆ ಕಣ್ಣು ಮಿಟುಕಿಸಿ, ಅಗಲವಾಗಿ ತೆರೆದು, ಒಳಗಿನ ದೀಪವನ್ನೇ ನೋಡಬೇಕು.

ಹಂತ 6: ಬಣ್ಣದ ರಿಪೋರ್ಟ್ ಓದುವುದು

ಕೆಂಪು, ಹಳದಿ ಎಂದರೆ ಜಾಸ್ತಿ ಬಾಗಿದ ಜಾಗ, ನೀಲಿ ಎಂದರೆ ಚಪ್ಪಟೆ ಜಾಗ. ಸಾದಾ ಸಿಲಿಂಡರ್ ಇರುವ ಕಣ್ಣಿನಲ್ಲಿ ಶಿವನ ಕೈಯ ಡಮರುವಿನಂಥ ಆಕಾರ ಕಾಣುತ್ತದೆ. ಮೇಲಿನ ಅರ್ಧ, ಕೆಳಗಿನ ಅರ್ಧ ಎರಡೂ ಸಮ. ಕೆರಟೋಕೋನಸ್‌ನಲ್ಲಿ ಡಮರುವಿನ ಕೆಳಗಿನ ಅರ್ಧ ದೊಡ್ಡದಾಗಿ ಕೆಂಪಾಗುತ್ತದೆ, ನಡು ಓರೆಯಾಗಿ ತಿರುಚಿಕೊಳ್ಳುತ್ತದೆ. ಕೆಳಭಾಗ ಮೇಲಿನದಕ್ಕಿಂತ 1.4 ಡಯಾಪ್ಟರಿಗಿಂತ ಜಾಸ್ತಿ ಬಾಗಿದ್ದರೆ ಸಂಶಯ.

ಕೆಂಪು ಬಣ್ಣ ನೋಡಿ ಹೆದರುವ ಮುಂಚೆ ಪಕ್ಕದ ಬಣ್ಣದ ಪಟ್ಟಿ ನೋಡಿ. ಒಂದೊಂದು ಬಣ್ಣಕ್ಕೆ ಎಷ್ಟು ಡಯಾಪ್ಟರ್ ಎಂದು ಅಲ್ಲಿರುತ್ತದೆ. ಮೆಟ್ಟಿಲು ತೀರ ಚಿಕ್ಕದಿಟ್ಟರೆ ಒಳ್ಳೆಯ ಕಣ್ಣೂ ಕೆಂಪಾಗಿ ಕಾಣುತ್ತದೆ, ದೊಡ್ಡದಿಟ್ಟರೆ ಕಾಯಿಲೆ ಹಸಿರಿನಲ್ಲಿ ಮುಚ್ಚಿಹೋಗುತ್ತದೆ.

ಆಮೇಲೆ ದಪ್ಪ. ಅತಿ ತೆಳು ಜಾಗ ಎಷ್ಟು ಮೈಕ್ರಾನ್, ಎಲ್ಲಿದೆ? ಅದು ನಡುವಿನಿಂದ ಕೆಳಗೆ, ಕಿವಿಯ ಕಡೆಗೆ ಜಾರಿದ್ದರೆ, ಎರಡು ಕಣ್ಣಿಗೂ ತುಂಬ ವ್ಯತ್ಯಾಸ ಇದ್ದರೆ ಗಮನ ಬೇಕು. ಸುಮ್ನೆ 490 ಇದೆ ಎಂದ ಮಾತ್ರಕ್ಕೆ ಕಾಯಿಲೆಯಲ್ಲ. ಕೆಲವರ ಕಾರ್ನಿಯಾ ಹುಟ್ಟಿನಿಂದಲೇ ತೆಳು, ಆದರೆ ಎಲ್ಲ ಕಡೆ ಸಮ. ಪೆಂಟಕ್ಯಾಮ್ ರಿಪೋರ್ಟಿನಲ್ಲಿ 'ಡಿ' ಎಂದು ಒಂದು ಒಟ್ಟು ಅಂಕ ಇರುತ್ತದೆ. 1.6ರ ಒಳಗಿದ್ದರೆ ಸಾಮಾನ್ಯವಾಗಿ ನಿಶ್ಚಿಂತೆ, 2.6 ದಾಟಿದರೆ ಅಸಹಜ. ನಡುವೆ ಬಂದವರಿಗೆ ಮೇಲ್ಪದರದ ದಪ್ಪದ ನಕ್ಷೆ, ಗಾಳಿ ಊದಿ ಕಾರ್ನಿಯಾದ ಬಿಗಿ ನೋಡುವ ಪರೀಕ್ಷೆ, ಕೆಲವು ತಿಂಗಳ ನಂತರ ಮತ್ತೆ ನಕ್ಷೆ. ಒಂದೇ ಅಂಕಿ ಹಿಡಿದು ತೀರ್ಪು ಕೊಡಬಾರದು. ಕಣ್ಣು ಒಣಗಿದ್ದರೆ, ರೆಪ್ಪೆ ಅಡ್ಡ ಬಂದಿದ್ದರೆ, ಮಗು ಬೇರೆ ಕಡೆ ನೋಡಿದ್ದರೆ ನಕ್ಷೆಯೇ ತಪ್ಪಿರುತ್ತದೆ.

ಮದುವೆಗೆ ಮುಂಚೆ ಕನ್ನಡಕ ತೆಗೆಸಬೇಕು ಎಂದು ಲೇಸಿಕ್‌ಗೆ ಓಡುವ ಹುಡುಗಿಯರಿಗೆ, ಹುಡುಗರಿಗೆ ಇದೇ ಮಾತು. ಮೊದಲೇ ದುರ್ಬಲವಾಗಿರುವ ಕಾರ್ನಿಯಾವನ್ನು ಲೇಸರಿನಿಂದ ಇನ್ನೂ ತೆಳು ಮಾಡಿದರೆ ಅದು ಉಬ್ಬುತ್ತದೆ. ಇಂಥ ಪ್ರಕರಣಗಳು 1998ರಿಂದಲೇ ವರದಿಯಾಗಿವೆ. ನಕ್ಷೆ ನೋಡಿ "ಬೇಡ" ಎಂದ ಡಾಕ್ಟರ್ ನಿಮ್ಮ ಕಣ್ಣು ಉಳಿಸಿದ್ದಾರೆ. "ಆಗುತ್ತೆ" ಎನ್ನುವ ಇನ್ನೊಂದು ಜಾಗ ಹುಡುಕಿಕೊಂಡು ಹೋಗಬೇಡಿ.

ಹಂತ 7: ಹೌದು ಎಂದಾದರೆ

ಕಾಯಿಲೆ ಓಡುತ್ತಿದೆಯಾ, ನಿಂತಿದೆಯಾ ಎಂದು ನೋಡಬೇಕು. ದೊಡ್ಡವರಿಗೆ ಆರು ತಿಂಗಳಿಗೊಮ್ಮೆ, ಮಕ್ಕಳಿಗೆ ಮೂರು ತಿಂಗಳಿಗೊಮ್ಮೆ ನಕ್ಷೆ. ಪ್ರತಿ ಸಲವೂ ಅದೇ ಯಂತ್ರದಲ್ಲಿ ತೆಗೆಸಿ, ಬೇರೆ ಕಂಪನಿಯ ಯಂತ್ರದ ಅಂಕಿ ಹೋಲಿಸಲು ಬರುವುದಿಲ್ಲ. ಅತಿ ಜಾಸ್ತಿ ಬಾಗಿದ ಬಿಂದು ಒಂದು ವರ್ಷದೊಳಗೆ ಒಂದು ಡಯಾಪ್ಟರ್ ಏರಿದರೆ ಓಡುತ್ತಿದೆ ಎಂದು ಹೆಚ್ಚಿನವರು ತಿಳಿಯುತ್ತಾರೆ. ಮಕ್ಕಳಲ್ಲಿ ಬೇಗ ಏರುವುದರಿಂದ ಅಷ್ಟು ಕಾಯದೇ ಚಿಕಿತ್ಸೆ ಮಾಡುವ ಡಾಕ್ಟರುಗಳೂ ಇದ್ದಾರೆ.

ಆ ಚಿಕಿತ್ಸೆಯ ಹೆಸರು ಕ್ರಾಸ್‌ಲಿಂಕಿಂಗ್. ಜರ್ಮನಿಯ ಡ್ರೆಸ್ಡೆನ್‌ನಲ್ಲಿ ರೂಪುಗೊಂಡಿದ್ದು, ರೋಗಿಗಳ ಮೇಲಿನ ಮೊದಲ ಫಲಿತಾಂಶ 2003ರಲ್ಲಿ ಬಂತು. ರೈಬೋಫ್ಲೇವಿನ್, ಅಂದರೆ ವಿಟಮಿನ್ ಬಿ2 ಡ್ರಾಪ್ಸ್ ಹಾಕಿ ಅಲ್ಟ್ರಾವಯಲೆಟ್ ಬೆಳಕು ಬಿಟ್ಟು ಕೊಲಾಜೆನ್ ನಾರುಗಳನ್ನು ಒಂದಕ್ಕೊಂದು ಬಿಗಿಯುತ್ತಾರೆ. ಇದು ಕಾಯಿಲೆಯನ್ನು ನಿಲ್ಲಿಸಲು, ಹೋದ ದೃಷ್ಟಿ ತರಲು ಅಲ್ಲ. ಮೂಲ ವಿಧಾನಕ್ಕೆ ಮೇಲ್ಪದರ ತೆಗೆದ ಮೇಲೂ ಕಾರ್ನಿಯಾ ಕನಿಷ್ಠ 400 ಮೈಕ್ರಾನ್ ಇರಬೇಕು. ಬೇಗ, ಬೇಗ ಎಂದು ನಾವು ಬಡಿದುಕೊಳ್ಳುವುದು ಈ 400ಕ್ಕಾಗಿ. ಅದಕ್ಕಿಂತ ತೆಳುವಾದರೆ ಬದಲಿ ದಾರಿಗಳಿವೆ, ಆದರೆ ಕಷ್ಟ ಜಾಸ್ತಿ. ದೃಷ್ಟಿಗೆ ಗಟ್ಟಿ ಲೆನ್ಸ್ ಅಥವಾ ಕಣ್ಣಿನ ಬಿಳಿ ಭಾಗದ ಮೇಲೆ ಕೂರುವ ದೊಡ್ಡ ಸ್ಕ್ಲೀರಲ್ ಲೆನ್ಸ್ ಬೇಕಾಗಬಹುದು.

ಕೊನೆಯದು ಕಾರ್ನಿಯಾ ಕಸಿ. ಒಳಪದರ ಚೆನ್ನಾಗಿದ್ದರೆ ಮುಂದಿನ ಪದರ ಮಾತ್ರ ಬದಲಿಸುತ್ತಾರೆ. ಪುನೀತ್ ರಾಜ್‌ಕುಮಾರ್ ಅವರು 2021ರ ಅಕ್ಟೋಬರ್ 29ರಂದು ತೀರಿಕೊಂಡಾಗ ಎರಡು ಕಣ್ಣಿನಿಂದ ನಾಲ್ಕು ಜನಕ್ಕೆ ದೃಷ್ಟಿ ಬಂದಿದ್ದು ಹೀಗೆ ಕಾರ್ನಿಯಾವನ್ನು ಮುಂದಿನ ಪದರ, ಹಿಂದಿನ ಪದರ ಎಂದು ಬೇರೆ ಮಾಡಿದ್ದರಿಂದಲೇ.

ಇದ್ದಕ್ಕಿದ್ದಂತೆ ಕಣ್ಣು ಬೆಳ್ಳಗಾಗಿ, ನೋವು ಬಂದು, ನೀರು ಸುರಿದರೆ ಅವತ್ತೇ ಆಸ್ಪತ್ರೆಗೆ ಹೋಗಿ. ಕಾರ್ನಿಯಾದ ಒಳಪದರ ಬಿರಿದು ನೀರು ತುಂಬಿರಬಹುದು.

ಹಂತ 8: ಅಣ್ಣ, ತಮ್ಮ, ಅಕ್ಕ, ತಂಗಿ

ಮನೆಯಲ್ಲಿ ಒಬ್ಬರಿಗೆ ಬಂದರೆ ಉಳಿದ ಮಕ್ಕಳಿಗೂ ನಕ್ಷೆ ತೆಗೆಸಿ, ಚೆನ್ನಾಗಿ ಕಾಣುತ್ತಿದ್ದರೂ ಸರಿ. ಹತ್ತು ಹನ್ನೆರಡು ವಯಸ್ಸಿನಿಂದ ವರ್ಷಕ್ಕೊಮ್ಮೆ ನೋಡಿಸುವುದು ಒಳ್ಳೆಯದು. ಸಂಬಂಧದಲ್ಲೇ ಮದುವೆಯಾದ ತಂದೆತಾಯಿಯ ಮಕ್ಕಳಲ್ಲಿ ಇದು ಜಾಸ್ತಿ ಎಂದು ಇಸ್ರೇಲಿನ ಅಧ್ಯಯನವೊಂದು ತೋರಿಸಿದೆ. ಸೋದರಮಾವ, ಅತ್ತೆಯ ಮಕ್ಕಳ ಜೊತೆ ಮದುವೆ ಇರುವ ನಮ್ಮ ಕಡೆಯ ಮನೆಗಳು ಇದನ್ನು ಗಮನದಲ್ಲಿಟ್ಟುಕೊಂಡರೆ ಒಳ್ಳೆಯದು.

ಆ ಹುಡುಗನ ಬಲಗಣ್ಣಿನ ಅತಿ ತೆಳು ಜಾಗ 462 ಮೈಕ್ರಾನ್ ಇತ್ತು. ಮೇಲ್ಪದರದ ಸುಮಾರು 50 ಕಳೆದರೂ ಕ್ರಾಸ್‌ಲಿಂಕಿಂಗ್‌ಗೆ ಸಾಕಾಯಿತು. ಅಪ್ಪನಿಗೆ ಮನೆಯಲ್ಲಿ ಇನ್ಯಾರು ಇದ್ದಾರೆ ಎಂದು ಕೇಳಿದೆ. ಆರನೇ ಕ್ಲಾಸಿನ ತಂಗಿ ಇದ್ದಾಳೆ, ಅವಳಿಗೆ ಕನ್ನಡಕವೇ ಇಲ್ಲ ಎಂದರು. ಮುಂದಿನ ವಾರ ಕರೆತಂದರು. ಅವಳ ಎರಡೂ ನಕ್ಷೆ ಸರಿಯಾಗಿದ್ದವು. ರಿಪೋರ್ಟಿನ ಮೇಲೆ ದಿನಾಂಕ ಬರೆದು, ಅದೇ ಪ್ಲಾಸ್ಟಿಕ್ ಕವರಿನಲ್ಲಿ ಅಣ್ಣನ ಚೀಟಿಗಳ ಜೊತೆ ಹಾಕಿಕೊಟ್ಟೆ.